ಬೀಗದ ಕೈ ಯಾರ ಬಳಿ? ಅಮೆರಿಕದ ಆಂಗ್ಲಿಕನ್ ಸಭೆ ಒಡೆದ ಬಗೆ

ಟೆಕ್ಸಾಸ್‌ನ ಫೋರ್ಟ್ ವರ್ತ್‌ನಲ್ಲಿ 2009ರಲ್ಲಿ ಹೂಡಿ 2021ರಲ್ಲಿ ಮುಗಿದ ಒಂದು ಮೊಕದ್ದಮೆಯಲ್ಲಿ ಎರಡೂ ಕಡೆಯವರ ಹೆಸರು ಒಂದೇ: ‘ಎಪಿಸ್ಕೋಪಲ್ ಡಯಾಸಿಸ್ ಆಫ್ ಫೋರ್ಟ್ ವರ್ತ್’. ಎರಡೂ ಕಡೆ ಬಿಷಪ್ ಇದ್ದರು, ಎರಡೂ ಕಡೆಯವರು ತಾವೇ ಅಸಲಿ ಎಂದರು. ನಡುವೆ ಇದ್ದದ್ದು ಸುಮಾರು 10 ಕೋಟಿ ಡಾಲರ್ ಬೆಲೆಯ ಚರ್ಚುಗಳು, ಜಾಗ, ನಿಧಿ. ಕೊನೆಗೆ ಗೆದ್ದವರು ಅಮೆರಿಕದ ಅಧಿಕೃತ ಆಂಗ್ಲಿಕನ್ ಚರ್ಚಾದ ಎಪಿಸ್ಕೋಪಲ್ ಚರ್ಚನ್ನು ಬಿಟ್ಟುಹೋದವರು, ಸೋತವರು ಅದರಲ್ಲೇ ಉಳಿದವರು. ವರ್ಜೀನಿಯಾ ಮತ್ತು ಕ್ಯಾಲಿಫೋರ್ನಿಯಾಗಳಲ್ಲಿ ಇಂಥದ್ದೇ ಜಗಳ ಇದಕ್ಕೆ ತದ್ವಿರುದ್ಧವಾಗಿ ಮುಗಿದಿತ್ತು.

ಹೀಗೆ ಬಿಟ್ಟುಹೋದವರು ಸೇರಿ ಕಟ್ಟಿಕೊಂಡ ಸಂಸ್ಥೆಯೇ ‘ಆಂಗ್ಲಿಕನ್ ಚರ್ಚ್ ಇನ್ ನಾರ್ತ್ ಅಮೆರಿಕ’, ಚುಟುಕಾಗಿ ಎಸಿಎನ್‌ಎ. 2009ರ ಜೂನ್‌ನಲ್ಲಿ ಹುಟ್ಟಿದ ಇದರಲ್ಲಿ ಈಗ ಸುಮಾರು 1,000 ಸಭೆಗಳು, ಒಂದೂಕಾಲು ಲಕ್ಷಕ್ಕೂ ಹೆಚ್ಚು ಸದಸ್ಯರು ಇದ್ದಾರೆ. ಪತ್ರಿಕೆಗಳಲ್ಲಿ ಇದರ ಇತಿಹಾಸ ಸಾಮಾನ್ಯವಾಗಿ ಒಂದು ಸಾಲಿನಲ್ಲಿ ಮುಗಿಯುತ್ತದೆ: ಸಲಿಂಗಿಯೊಬ್ಬರು ಬಿಷಪ್ ಆದರು, ಸಂಪ್ರದಾಯವಾದಿಗಳು ಹೊರನಡೆದರು. ಸುಳ್ಳಲ್ಲ, ಆದರೆ ಅಷ್ಟರಿಂದ ಏನೂ ತಿಳಿಯುವುದಿಲ್ಲ. ಹೊರನಡೆಯುವುದು ಯಾರಿಗಾದರೂ ಸುಲಭ. ಹೊರಗೆ ಹೋದ ಮೇಲೂ ‘ನಾವು ಆಂಗ್ಲಿಕನ್ನರೇ’ ಎನ್ನಬೇಕಾದರೆ ಎರಡು ವಸ್ತು ಕೈಯಲ್ಲಿರಬೇಕು: ಊರ್ಜಿತವಾದ ಬಿಷಪ್ ಪರಂಪರೆ (ಅಪೊಸ್ತಲರಿಂದ ಹಿಡಿದು ಬಿಷಪ್‌ನಿಂದ ಬಿಷಪ್‌ಗೆ ತಲೆಯ ಮೇಲೆ ಕೈಯಿಟ್ಟು ಬಂದ ಸರಪಳಿ) ಮತ್ತು ಕೂತು ಆರಾಧಿಸಲು ಒಂದು ಕಟ್ಟಡ. ಈ ಒಡಕಿನ ಇತಿಹಾಸ ನಡೆದದ್ದೆಲ್ಲ ಇವೆರಡರ ಸುತ್ತಲೇ.

ಮೊದಲು ಮನೆಯ ನಕ್ಷೆ

ಇಂಗ್ಲೆಂಡಿನ ಚರ್ಚಿನಿಂದ ಕವಲೊಡೆದ ಸಭೆಗಳ ಜಗತ್ತಿನ ಬಳಗಕ್ಕೆ ಆಂಗ್ಲಿಕನ್ ಕಮ್ಯೂನಿಯನ್ ಎನ್ನುತ್ತಾರೆ. ಇದರಲ್ಲಿ ನಲವತ್ತಕ್ಕೂ ಹೆಚ್ಚು ಸ್ವತಂತ್ರ ಸದಸ್ಯ ಚರ್ಚುಗಳಿವೆ. ಇವುಗಳಿಗೆ ಪ್ರಾವಿನ್ಸ್ ಎಂಬ ಹೆಸರು ರೂಢಿ, ಮುಖ್ಯಸ್ಥರಿಗೆ ಪ್ರೈಮೇಟ್ ಎಂಬ ಹೆಸರು. ಕ್ಯಾಂಟರ್ಬರಿಯ ಆರ್ಚ್‌ಬಿಷಪ್‌ಗೆ ಇಲ್ಲಿ ಹಿರಿಯಣ್ಣನ ಗೌರವ ಮಾತ್ರ. ಇನ್ನೊಂದು ಪ್ರಾವಿನ್ಸಿನ ಒಳಗೆ ಕೈಹಾಕುವ ಅಧಿಕಾರವಿಲ್ಲ, ರೋಮಿನ ಪೋಪ್‌ಗೆ ಇರುವಂಥದ್ದು ಯಾವುದೂ ಅವರ ಬಳಿ ಇಲ್ಲ. ಕಮ್ಯೂನಿಯನ್ನಿನ ಅರ್ಧ ತಾಪತ್ರಯ ಇಲ್ಲೇ ಇದೆ.

ಕರ್ನಾಟಕದ ಓದುಗರಿಗೆ ಹತ್ತಿರದ ಉದಾಹರಣೆ ಸಿಎಸ್‌ಐ, ಅಂದರೆ ಚರ್ಚ್ ಆಫ್ ಸೌತ್ ಇಂಡಿಯಾ. 1947ರ ಸೆಪ್ಟೆಂಬರ್ 27ರಂದು ಮದ್ರಾಸಿನ ಸೇಂಟ್ ಜಾರ್ಜ್ ಕೆಥೀಡ್ರಲ್‌ನಲ್ಲಿ ಆಂಗ್ಲಿಕನ್, ಮೆಥಡಿಸ್ಟ್ ಮತ್ತು ಸೌತ್ ಇಂಡಿಯಾ ಯುನೈಟೆಡ್ ಚರ್ಚುಗಳು ಕೂಡಿ ಅದಾಯಿತು. ಬೆಂಗಳೂರಿನ ಸೇಂಟ್ ಮಾರ್ಕ್ಸ್ ಕೆಥೀಡ್ರಲ್‌ನದು ಆಂಗ್ಲಿಕನ್ ಬೇರು, ಮಂಗಳೂರಿನ ಬಾಸೆಲ್ ಮಿಷನ್ ಸಭೆಗಳದು ಬೇರೆಯೇ ಬೇರು. ಎರಡೂ ಇಂದು ಸಿಎಸ್‌ಐ, ಸಿಎಸ್‌ಐ ಆಂಗ್ಲಿಕನ್ ಕಮ್ಯೂನಿಯನ್ನಿನ ಸದಸ್ಯ. ಆ ಕೂಡಿಕೆಯೂ ಎಲ್ಲರಿಗೂ ಒಪ್ಪಿಗೆಯಾಗಲಿಲ್ಲ. ಬಿಷಪ್ ಕೈಯಿಂದ ದೀಕ್ಷೆ ಪಡೆಯದ ಸಭಾಪಾಲಕರನ್ನು ಸಮಾನರೆಂದು ಒಪ್ಪಲಾಗದು ಎಂದು ಇಂಗ್ಲೆಂಡಿನ ಆಂಗ್ಲೋ-ಕ್ಯಾಥೊಲಿಕರು (ರೋಮಿನ ಸಂಪ್ರದಾಯಕ್ಕೆ ಹತ್ತಿರವಿರುವ ಆಂಗ್ಲಿಕನ್ನರು) ಬೊಬ್ಬೆ ಹಾಕಿದರು, ಆಂಧ್ರದ ನಂದ್ಯಾಲದ ಆಂಗ್ಲಿಕನ್ನರಲ್ಲಿ ಬಹುಮಂದಿ ದಶಕಗಳ ಕಾಲ ಹೊರಗೇ ಉಳಿದರು. ಬಿಷಪ್ ಪರಂಪರೆ ಎಂಬುದು ಆಂಗ್ಲಿಕನ್ನರಿಗೆ ಎಷ್ಟು ಸೂಕ್ಷ್ಮ ವಿಷಯ ಎನ್ನುವುದು ಇದರಿಂದ ಹೊಳೆಯಬೇಕು.

ಅಮೆರಿಕದ ಪ್ರಾವಿನ್ಸ್ ಎಂದರೆ ಎಪಿಸ್ಕೋಪಲ್ ಚರ್ಚ್. ಅದರ ರಚನೆ ಮೂರು ಅಂತಸ್ತಿನದು. ತಳದಲ್ಲಿ ಪ್ಯಾರಿಷ್, ಅಂದರೆ ಊರಿನ ಸಭೆ. ಅದನ್ನು ನಡೆಸಲು ಸದಸ್ಯರೇ ಆರಿಸಿದ ವೆಸ್ಟ್ರಿ ಎಂಬ ಮಂಡಳಿ. ಅದರ ಮೇಲೆ ಡಯಾಸಿಸ್, ನಮ್ಮಲ್ಲಿ ಸಭಾಪ್ರಾಂತ ಎನ್ನುವುದು. ಅದಕ್ಕೊಬ್ಬ ಬಿಷಪ್ ಮತ್ತು ವರ್ಷಕ್ಕೊಮ್ಮೆ ಕೂಡುವ ಸಮ್ಮೇಳನ. ಎಲ್ಲಕ್ಕಿಂತ ಮೇಲೆ ಮೂರು ವರ್ಷಕ್ಕೊಮ್ಮೆ ಸೇರುವ ಜನರಲ್ ಕನ್ವೆನ್ಷನ್. ಅದಕ್ಕೆ ಎರಡು ಸದನ: ಬಿಷಪ್‌ಗಳದು ಒಂದು, ಪಾದ್ರಿಗಳ ಮತ್ತು ಸಾಮಾನ್ಯ ಸದಸ್ಯರ ಪ್ರತಿನಿಧಿಗಳದು ಇನ್ನೊಂದು. ಡಯಾಸಿಸ್ ತನ್ನ ಬಿಷಪ್‌ನನ್ನು ತಾನೇ ಚುನಾಯಿಸುತ್ತದೆ, ಆದರೆ ಆಯ್ಕೆಗೆ ಇಡೀ ಚರ್ಚಿನ ಸಮ್ಮತಿ ಬೇಕು. ಡಯಾಸಿಸ್ ಕನ್ವೆನ್ಷನ್ನಿನ ಕೂಸೋ, ಕನ್ವೆನ್ಷನ್ ಡಯಾಸಿಸ್‌ಗಳ ಒಕ್ಕೂಟವೋ ಎಂದು ನಿಯಮಾವಳಿಯಲ್ಲಿ ಎಲ್ಲೂ ಒಂದೇ ಮಾತಿನಲ್ಲಿ ಬರೆದಿಲ್ಲ. ವಕೀಲರು ಈ ಸಂದಿಯಲ್ಲೇ ಹನ್ನೆರಡು ವರ್ಷ ಕೆಲಸ ಮಾಡಿದರು.

ಮೊದಲು ಹೋದವರು ಎಡವಿದ ಕಡೆ

ಎಪಿಸ್ಕೋಪಲ್ ಚರ್ಚಿನಿಂದ ಜನ ಹೊರಹೋದದ್ದು 2009ರಲ್ಲೇ ಮೊದಲಲ್ಲ. 1873ರ ಡಿಸೆಂಬರ್‌ನಲ್ಲಿ ಕೆಂಟಕಿಯ ಸಹಾಯಕ ಬಿಷಪ್ ಜಾರ್ಜ್ ಡೇವಿಡ್ ಕಮಿನ್ಸ್ ನ್ಯೂಯಾರ್ಕಿನಲ್ಲಿ ರಿಫಾರ್ಮ್ಡ್ ಎಪಿಸ್ಕೋಪಲ್ ಚರ್ಚನ್ನು ಕಟ್ಟಿದರು. ಆರಾಧನೆ ರೋಮಿನ ಕಡೆ ವಾಲುತ್ತಿದೆ ಎಂಬುದು ಆಗಿನ ದೂರು. ಆ ಸಣ್ಣ ಚರ್ಚು ಸಾಯದೆ ಉಳಿದು, 136 ವರ್ಷಗಳ ಮೇಲೆ ಎಸಿಎನ್‌ಎಯ ಸ್ಥಾಪಕ ಸದಸ್ಯರಲ್ಲಿ ಒಂದಾಯಿತು.

ಎರಡನೆಯ ನಿರ್ಗಮನ ಕಲಿಸಿದ ಪಾಠ ದೊಡ್ಡದು. 1976ರ ಜನರಲ್ ಕನ್ವೆನ್ಷನ್ ಮಹಿಳೆಯರಿಗೆ ಪಾದ್ರಿ ದೀಕ್ಷೆಯನ್ನು ಒಪ್ಪಿತು, ಪ್ರಾರ್ಥನಾ ಪುಸ್ತಕದ ಪರಿಷ್ಕರಣೆಗೂ ಕೈಹಾಕಿತು. 1977ರ ಸೆಪ್ಟೆಂಬರ್‌ನಲ್ಲಿ ಸೇಂಟ್ ಲೂಯಿಸ್‌ನಲ್ಲಿ ಸಾವಿರಾರು ಮಂದಿ ಸೇರಿ, ಹಳೆಯ ನಂಬಿಕೆಯನ್ನು ತಾವು ‘ಮುಂದುವರಿಸುತ್ತೇವೆ’ ಎಂಬ ಘೋಷಣೆ ಮಾಡಿದರು. ಇವರಿಗೆ ಕಂಟಿನ್ಯೂಯಿಂಗ್ ಆಂಗ್ಲಿಕನ್ನರು ಎಂಬ ಹೆಸರು ಬಂದದ್ದು ಹಾಗೆ. ಜನ ಇದ್ದರು, ಹುರುಪು ಇತ್ತು, ಬಿಷಪ್‌ಗಳಿರಲಿಲ್ಲ.

ಒಬ್ಬ ಹೊಸ ಬಿಷಪ್‌ನ ಅಭಿಷೇಕಕ್ಕೆ ಕನಿಷ್ಠ ಮೂವರು ಬಿಷಪ್‌ಗಳು ಬೇಕು ಎಂಬ ನಿಯಮ ಕ್ರಿ.ಶ. 325ರ ನೈಸಿಯಾ ಮಹಾಸಭೆಯಷ್ಟು ಹಳೆಯದು. ಮೂವರೂ ಅದೇ ಸರಪಳಿಯಲ್ಲಿ ಅಭಿಷೇಕ ಪಡೆದವರಾಗಿರಬೇಕು. 1978ರ ಜನವರಿ 28ರಂದು ಡೆನ್ವರ್‌ನಲ್ಲಿ ಮೊದಲ ಅಭಿಷೇಕ ನಡೆದಾಗ ಕೈಯಿಡಲು ಬಂದಿದ್ದ ಬಿಷಪ್‌ಗಳು ಇಬ್ಬರೇ: ನಿವೃತ್ತ ಆಲ್ಬರ್ಟ್ ಚೇಂಬರ್ಸ್ ಮತ್ತು ಫಿಲಿಪ್ಪೀನ್ಸ್ ಇಂಡಿಪೆಂಡೆಂಟ್ ಚರ್ಚಿನ ಫ್ರಾನ್ಸಿಸ್ಕೊ ಪಾಗ್ತಖಾನ್. ಉಳಿದ ಸಮ್ಮತಿ ಕಾಗದದ ಮೂಲಕ ಬಂತು. ಕಾಗದದಲ್ಲಿ ಕೈಯಿಟ್ಟರೆ ಆದೀತೇ ಎಂಬ ಪ್ರಶ್ನೆ ಅಂದಿನಿಂದ ಅವರ ಬೆನ್ನು ಬಿಟ್ಟಿಲ್ಲ. ಕಮ್ಯೂನಿಯನ್ನಿನ ಯಾವ ಪ್ರೈಮೇಟ್ ಕೂಡ ಬೆನ್ನಿಗೆ ನಿಲ್ಲಲಿಲ್ಲ. ನಿಯಮಾವಳಿಯ ಬಗ್ಗೆ, ಬಿಷಪ್ ಯಾರಾಗಬೇಕೆಂಬ ಬಗ್ಗೆ ತಮ್ಮೊಳಗೇ ಕಿತ್ತಾಡಿ ವರ್ಷಗಳಲ್ಲೇ ಹಲವು ಚೂರುಗಳಾದರು. ಒಮ್ಮೆ ಬಿಟ್ಟುಹೋಗಲು ಕಲಿತವನಿಗೆ ಎರಡನೆಯ ಸಲ ಕಷ್ಟವಾಗುವುದಿಲ್ಲ.

ಮುಂದೆ ಹೊರಬೀಳಬೇಕೆಂದಿದ್ದವರು ಇದನ್ನು ನೋಡುತ್ತಲೇ ಇದ್ದರು.

ಆಫ್ರಿಕದಿಂದ ಬಂದ ಬಿಷಪ್‌ಗಿರಿ

1996ರಲ್ಲಿ ಬಿಷಪ್ ವಾಲ್ಟರ್ ರೈಟರ್ ಮೇಲಿನ ಚರ್ಚ್ ವಿಚಾರಣೆ ಬಿದ್ದುಹೋಯಿತು. ಸಂಗಾತಿಯೊಂದಿಗೆ ಬಾಳುತ್ತಿದ್ದ ಸಲಿಂಗಿ ವ್ಯಕ್ತಿಗೆ ಅವರು ಡೀಕನ್ (ಪಾದ್ರಿಗಿಂತ ಕೆಳಗಿನ ಮೆಟ್ಟಿಲು) ದೀಕ್ಷೆ ಕೊಟ್ಟಿದ್ದರು. ಇದನ್ನು ತಡೆಯುವ ಮೂಲ ಸಿದ್ಧಾಂತ ಯಾವುದೂ ಚರ್ಚಿನಲ್ಲಿಲ್ಲ ಎಂದು ಬಿಷಪ್‌ಗಳ ನ್ಯಾಯಪೀಠ ಹೇಳಿತು. ಒಳಗಿದ್ದೇ ಹೋರಾಡಿ ಗೆಲ್ಲಬಹುದು ಎಂಬ ಸಂಪ್ರದಾಯವಾದಿಗಳ ಆಸೆ ಅಲ್ಲಿಗೆ ಸೊರಗಿತು. ಎರಡು ವರ್ಷಗಳ ಮೇಲೆ, 1998ರ ಲ್ಯಾಂಬೆತ್ ಸಮ್ಮೇಳನದಲ್ಲಿ ಜಗತ್ತಿನ ಆಂಗ್ಲಿಕನ್ ಬಿಷಪ್‌ಗಳು 526–70 ಮತಗಳಿಂದ ಸಲಿಂಗ ಸಂಬಂಧ ಸತ್ಯವೇದಕ್ಕೆ ಹೊಂದುವುದಿಲ್ಲ ಎಂಬ ನಿರ್ಣಯ ಮಾಡಿದರು. ಅಮೆರಿಕದೊಳಗೆ ಅಲ್ಪಸಂಖ್ಯಾತರಾಗಿದ್ದವರಿಗೆ ತಾವು ಜಗತ್ತಿನಲ್ಲಿ ಬಹುಸಂಖ್ಯಾತರು ಎಂಬುದು ಅಂದು ಕಣ್ಣಿಗೆ ಕಂಡಿತು. ಆಂಗ್ಲಿಕನ್ ಜನಸಂಖ್ಯೆ ನೈಜೀರಿಯ, ಉಗಾಂಡ, ಕೀನ್ಯಗಳ ಕಡೆ ಸರಿದು ಆಗಲೇ ಬಹಳ ಕಾಲವಾಗಿತ್ತು.

ಸೇಂಟ್ ಲೂಯಿಸ್‌ನವರಿಗೆ ಸಿಗದ ವಸ್ತು ಈಗ ಸಿಗುವಂತಾಯಿತು. 2000ದ ಜನವರಿಯಲ್ಲಿ ಸಿಂಗಪುರದ ಸೇಂಟ್ ಆಂಡ್ರೂಸ್ ಕೆಥೀಡ್ರಲ್‌ನಲ್ಲಿ ರುವಾಂಡದ ಆರ್ಚ್‌ಬಿಷಪ್ ಇಮ್ಯಾನುಯೆಲ್ ಕೊಲಿನಿ ಮತ್ತು ಆಗ್ನೇಯ ಏಷ್ಯಾದ ಆರ್ಚ್‌ಬಿಷಪ್ ಮೋಸೆಸ್ ಟೇ, ಇತರ ಬಿಷಪ್‌ಗಳ ಜೊತೆ ಸೇರಿ, ಚಕ್ ಮರ್ಫಿ ಮತ್ತು ಜಾನ್ ರಾಜರ್ಸ್ ಎಂಬ ಇಬ್ಬರು ಅಮೆರಿಕನ್ನರಿಗೆ ಬಿಷಪ್ ಅಭಿಷೇಕ ಮಾಡಿದರು. ಇಬ್ಬರೂ ಹಾಲಿ ಪ್ರೈಮೇಟರೇ ಆದ್ದರಿಂದ ಪರಂಪರೆಯ ಬಗ್ಗೆ ಯಾರೂ ಬೆರಳು ತೋರುವಂತಿರಲಿಲ್ಲ. ಇದರಿಂದ ಹುಟ್ಟಿದ ಆಂಗ್ಲಿಕನ್ ಮಿಷನ್ ಇನ್ ಅಮೆರಿಕ ನೆಲದಲ್ಲಿ ಅಮೆರಿಕದ್ದು, ಕಾಗದದಲ್ಲಿ ರುವಾಂಡದ್ದು. ಇನ್ನೊಬ್ಬ ಬಿಷಪ್‌ನ ಎಲ್ಲೆಯೊಳಗೆ ಹೇಳದೆ ಕೇಳದೆ ಕಾಲಿಡಬಾರದು ಎಂಬುದೂ ನೈಸಿಯಾದಷ್ಟೇ ಹಳೆಯ ನಿಯಮ. ಸಿದ್ಧಾಂತದ ವಿಷಯದಲ್ಲಿ ಹಳೆಯದನ್ನು ಬಿಡಬಾರದು ಎಂದವರೇ ಈ ನಿಯಮವನ್ನು ಮುರಿದರು ಎಂದು ಎಪಿಸ್ಕೋಪಲ್ ಕಡೆಯವರು ಕೊನೆಯವರೆಗೂ ಚುಚ್ಚಿದರು. ಚುಚ್ಚಿದ್ದರಲ್ಲಿ ಹುರುಳಿತ್ತು.

ಆಮೇಲಿನ ಘಟನೆಗಳು ಬೇಗಬೇಗ ನಡೆದವು. 2002ರಲ್ಲಿ ಕೆನಡಾದ ನ್ಯೂ ವೆಸ್ಟ್‌ಮಿನ್‌ಸ್ಟರ್ ಡಯಾಸಿಸ್ ಸಲಿಂಗ ಜೋಡಿಗಳಿಗೆ ಆಶೀರ್ವಾದ ವಿಧಿಯನ್ನು ಒಪ್ಪಿತು. 2003ರ ಜೂನ್‌ನಲ್ಲಿ ನ್ಯೂ ಹ್ಯಾಂಪ್‌ಷೈರ್ ಡಯಾಸಿಸ್, ಸಲಿಂಗ ಸಂಗಾತಿಯೊಂದಿಗೆ ಬಾಳುತ್ತಿದ್ದ ಜೀನ್ ರಾಬಿನ್ಸನ್ ಅವರನ್ನು ಬಿಷಪ್ ಆಗಿ ಚುನಾಯಿಸಿತು, ಆಗಸ್ಟ್‌ನಲ್ಲಿ ಜನರಲ್ ಕನ್ವೆನ್ಷನ್ ಸಮ್ಮತಿಸಿತು, ನವೆಂಬರ್ 2ರಂದು ಅಭಿಷೇಕವಾಯಿತು. ಕ್ಯಾಂಟರ್ಬರಿಯ ಆರ್ಚ್‌ಬಿಷಪ್ ನೇಮಿಸಿದ ಆಯೋಗದ 2004ರ ವಿಂಡ್ಸರ್ ವರದಿ ಎರಡೂ ಕಡೆಗೆ ‘ನಿಲ್ಲಿ’ ಎಂದಿತು: ಇಂಥ ಅಭಿಷೇಕಗಳೂ ಸಾಕು, ಗಡಿ ದಾಟಿ ಬರುವ ಬಿಷಪ್‌ಗಳೂ ಸಾಕು. ಯಾರೂ ನಿಲ್ಲಲಿಲ್ಲ. 2006ರಲ್ಲಿ ನೈಜೀರಿಯ ತನ್ನ ಶಾಖೆಗಾಗಿ ವರ್ಜೀನಿಯಾದ ಮಾರ್ಟಿನ್ ಮಿನ್ಸ್ ಅವರಿಗೆ ಅಭಿಷೇಕ ಮಾಡಿತು. ಉಗಾಂಡ, ಕೀನ್ಯಗಳೂ ಅಮೆರಿಕದ ಸಭೆಗಳನ್ನು ತಮ್ಮ ನೆರಳಿಗೆ ತೆಗೆದುಕೊಂಡವು. ಒಂದೇ ಊರಿನ ಮೂರು ಆಂಗ್ಲಿಕನ್ ಸಭೆಗಳು ಮೂರು ಆಫ್ರಿಕನ್ ದೇಶಗಳ ಬಿಷಪ್‌ಗಳಿಗೆ ವರದಿ ಒಪ್ಪಿಸುವ ಪರಿಸ್ಥಿತಿ ಬಂತು.

ಅಲ್ಲಿಯವರೆಗೆ ಹೋಗಿದ್ದವು ಬಿಡಿ ಪ್ಯಾರಿಷ್‌ಗಳು. 2007ರ ಡಿಸೆಂಬರ್ 8ರಂದು ಕ್ಯಾಲಿಫೋರ್ನಿಯಾದ ಸ್ಯಾನ್ ವಾಕೀನ್ ಡಯಾಸಿಸ್ ಇಡಿಯಾಗಿ ಹೊರಬರುವ ನಿರ್ಣಯ ಮಾಡಿತು. 2008ರ ಅಕ್ಟೋಬರ್–ನವೆಂಬರ್‌ನಲ್ಲಿ ಪಿಟ್ಸ್‌ಬರ್ಗ್, ಇಲಿನಾಯ್‌ನ ಕ್ವಿನ್ಸಿ, ಫೋರ್ಟ್ ವರ್ತ್ ಹಿಂಬಾಲಿಸಿದವು. ಎಲ್ಲವೂ ತಾತ್ಕಾಲಿಕವಾಗಿ ನೆಲೆ ಕಂಡದ್ದು ದಕ್ಷಿಣ ಅಮೆರಿಕದ ಸದರ್ನ್ ಕೋನ್ ಪ್ರಾವಿನ್ಸಿನಲ್ಲಿ, ಬ್ಯೂನಸ್ ಐರಿಸ್‌ನಲ್ಲಿದ್ದ ಅದರ ಪ್ರೈಮೇಟ್ ಗ್ರೆಗರಿ ವೆನೆಬಲ್ಸ್ ಅವರ ಕೆಳಗೆ. ಹೋಗುವ ಕ್ರಮ ಎಲ್ಲ ಕಡೆಯೂ ಒಂದೇ. ಮೊದಲ ವರ್ಷದ ಸಮ್ಮೇಳನದಲ್ಲಿ ಡಯಾಸಿಸಿನ ನಿಯಮಾವಳಿಯಿಂದ ‘ಎಪಿಸ್ಕೋಪಲ್ ಚರ್ಚಿನ ನಿಯಮಗಳಿಗೆ ಬದ್ಧ’ ಎಂಬ ಕಲಮನ್ನು ತೆಗೆಯಲು ಮೊದಲ ಓದು. ಮರುವರ್ಷ ಎರಡನೆಯ ಓದು ಮತ್ತು ಮತ. ಅದೇ ದಿನ ಸದರ್ನ್ ಕೋನ್ ಸೇರುವ ನಿರ್ಣಯ. ಈ ಒಂದು ವರ್ಷದ ಅಂತರ ಎದುರಾಳಿಗೆ ತಯಾರಿಗೆ ಬೇಕಾದಷ್ಟು ಸಮಯ ಕೊಟ್ಟಿತು. ಎಪಿಸ್ಕೋಪಲ್ ಚರ್ಚಿನ ಅಧ್ಯಕ್ಷೆ ಬಿಷಪ್ ಕ್ಯಾಥರಿನ್ ಜೆಫರ್ಟ್ಸ್ ಶೋರಿ ಅವರ ವಾದ ಸರಳವಾಗಿತ್ತು: ವ್ಯಕ್ತಿಗಳು ಹೋಗಬಹುದು, ಡಯಾಸಿಸ್ ಹೋಗಲಾರದು. ಪಿಟ್ಸ್‌ಬರ್ಗ್‌ನ ಬಿಷಪ್ ರಾಬರ್ಟ್ ಡಂಕನ್ ಅವರನ್ನು ಮತದಾನಕ್ಕೂ ಮೊದಲೇ, 2008ರ ಸೆಪ್ಟೆಂಬರ್‌ನಲ್ಲಿ, ಪದಚ್ಯುತಗೊಳಿಸಲಾಯಿತು.

ಕಟ್ಟಡ ಯಾರದು?

ಅಮೆರಿಕದ ಸಂವಿಧಾನದ ಪ್ರಕಾರ ಯಾವ ಪಕ್ಷದ ನಂಬಿಕೆ ಸರಿ ಎಂದು ಕೋರ್ಟು ತೀರ್ಮಾನಿಸುವಂತಿಲ್ಲ. ಹಾಗಾದರೆ ಚರ್ಚ್ ಒಡೆದಾಗ ಆಸ್ತಿಯನ್ನು ಹಂಚುವುದು ಹೇಗೆ? ಎರಡು ದಾರಿ ರೂಢಿಯಲ್ಲಿವೆ. ಹಳೆಯದು, ಮೇಲಿನಿಂದ ಕೆಳಕ್ಕೆ ಆಡಳಿತವಿರುವ ಚರ್ಚಾದರೆ ಮೇಲಿನವರ ಮಾತನ್ನೇ ಒಪ್ಪುವುದು. ಇನ್ನೊಂದಕ್ಕೆ ‘ತಟಸ್ಥ ಕಾನೂನು ತತ್ವ’ ಎಂದು ಹೆಸರು: ದೇವರ ವಿಷಯ ಬದಿಗಿಟ್ಟು, ಕ್ರಯಪತ್ರ, ಟ್ರಸ್ಟ್ ಕಾಯ್ದೆ, ಸಂಸ್ಥೆಯ ನಿಯಮಾವಳಿಗಳನ್ನು ಯಾವುದೇ ಸಂಘದ ಕಾಗದಗಳಂತೆ ಓದುವುದು. 1979ರ ಜುಲೈನಲ್ಲಿ ಜೋನ್ಸ್ ವಿರುದ್ಧ ವುಲ್ಫ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 5–4ರಿಂದ ಎರಡನೆಯ ದಾರಿಗೆ ಹಸಿರು ನಿಶಾನೆ ಕೊಟ್ಟಿತು. ಆಸ್ತಿ ತಮಗೇ ಉಳಿಯಬೇಕೆಂದರೆ ಚರ್ಚುಗಳು ತಮ್ಮ ನಿಯಮಾವಳಿಯಲ್ಲಿ ಹಾಗೆಂದು ಬರೆದುಕೊಳ್ಳಲಿ ಎಂಬ ಸಲಹೆಯೂ ತೀರ್ಪಿನಲ್ಲಿತ್ತು.

ಎಪಿಸ್ಕೋಪಲ್ ಚರ್ಚ್ ತಡಮಾಡಲಿಲ್ಲ. ಅದೇ ಸೆಪ್ಟೆಂಬರ್‌ನ ಜನರಲ್ ಕನ್ವೆನ್ಷನ್ ಒಂದು ನಿಯಮ ಪಾಸು ಮಾಡಿತು. ಕರಡು ಮಾಡಿದ ವಾಲ್ಟರ್ ಡೆನಿಸ್ ಅವರಿಂದ ಇದಕ್ಕೆ ಡೆನಿಸ್ ಕ್ಯಾನನ್ ಎಂಬ ಹೆಸರು. ಯಾವ ಪ್ಯಾರಿಷ್ ಹೆಸರಿನಲ್ಲಿರುವ ಆಸ್ತಿಯೂ ಡಯಾಸಿಸ್ ಮತ್ತು ಇಡೀ ಚರ್ಚಿನ ಪರವಾಗಿ ಟ್ರಸ್ಟಿನಲ್ಲಿದೆ ಎಂದು ಅದು ಸಾರಿತು. ಸಿಎಸ್‌ಐನಲ್ಲಿ ಆಸ್ತಿಗಳಿಗಾಗಿಯೇ 1947ರಲ್ಲಿ ಸಿಎಸ್‌ಐ ಟ್ರಸ್ಟ್ ಅಸೋಸಿಯೇಷನ್ ಎಂಬ ಕಂಪನಿಯನ್ನು ನೋಂದಾಯಿಸಿದ್ದರು. ಅಮೆರಿಕದಲ್ಲಿ ಹಾಗೆ ಮಾಡಲಿಲ್ಲ. ಕ್ರಯಪತ್ರ ಪ್ಯಾರಿಷ್ ಹೆಸರಿನಲ್ಲೇ ಇತ್ತು, ಅದರ ಮೇಲೆ ದೂರದಿಂದ ಒಂದು ಟ್ರಸ್ಟನ್ನು ಹೊದಿಸಿದರು. ಆಸ್ತಿಯ ಒಡೆಯ ಸಹಿ ಹಾಕದೆ, ಫಲ ಪಡೆಯುವವನೇ ಟ್ರಸ್ಟ್ ಘೋಷಿಸಿಕೊಂಡರೆ ಅದು ನಿಲ್ಲುತ್ತದೆಯೇ? ಒಂದೊಂದು ರಾಜ್ಯದ ಟ್ರಸ್ಟ್ ಕಾಯ್ದೆ ಒಂದೊಂದು ಉತ್ತರ ಕೊಟ್ಟಿತು.

ವರ್ಜೀನಿಯಾದ ಕಥೆ ತೆಗೆದುಕೊಳ್ಳಿ. 2006ರ ಡಿಸೆಂಬರ್‌ನಲ್ಲಿ ಟ್ರೂರೋ ಮತ್ತು ದಿ ಫಾಲ್ಸ್ ಚರ್ಚ್ ಎಂಬ ಎರಡು ದೊಡ್ಡ, ವಸಾಹತು ಕಾಲದ ಬೇರುಳ್ಳ ಪ್ಯಾರಿಷ್‌ಗಳು ಇತರರೊಂದಿಗೆ ಹೊರಬಂದವು. ಅವರ ಕೈಯಲ್ಲಿದ್ದ ಅಸ್ತ್ರ 1867ರ ಒಂದು ರಾಜ್ಯ ಕಾಯ್ದೆ: ಚರ್ಚು ಇಬ್ಭಾಗವಾದಾಗ ಯಾವ ಕವಲಿಗೆ ಸೇರಬೇಕೆಂದು ಸಭೆಯ ಬಹುಮತ ತೀರ್ಮಾನಿಸಬಹುದು, ಆಸ್ತಿ ಆ ಕಡೆ ಹೋಗುತ್ತದೆ. ಅಂತರ್ಯುದ್ಧದ ಕಾಲದಲ್ಲಿ ಉತ್ತರ–ದಕ್ಷಿಣವೆಂದು ಒಡೆದ ಚರ್ಚುಗಳಿಗಾಗಿ ಮಾಡಿದ ಕಾಯ್ದೆ ಅದು. 2008ರಲ್ಲಿ ಕೆಳಕೋರ್ಟು ಹೌದೆಂದಿತು. 2010ರಲ್ಲಿ ವರ್ಜೀನಿಯಾ ಸುಪ್ರೀಂ ಕೋರ್ಟು ಅಲ್ಲವೆಂದಿತು: ಇವರು ಸೇರಿದ್ದು ನೈಜೀರಿಯದ ಶಾಖೆಯನ್ನು, ಅದು ಎಪಿಸ್ಕೋಪಲ್ ಚರ್ಚಿನಿಂದ ಒಡೆದು ಬಂದ ಕವಲೇ ಅಲ್ಲ. ಅಂದರೆ ಬಿಷಪ್ ಪರಂಪರೆಗೆಂದು ಆಫ್ರಿಕಕ್ಕೆ ಹೋದದ್ದೇ ಕಟ್ಟಡಕ್ಕೆ ಮುಳುವಾಯಿತು. 2012ರಲ್ಲಿ ಕೀಲಿಕೈಗಳನ್ನು ಒಪ್ಪಿಸಬೇಕಾಯಿತು. ಫಾಲ್ಸ್ ಚರ್ಚ್ ಮೇಲ್ಮನವಿ 2013ರಲ್ಲಿ ಬಿತ್ತು, 2014ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟು ಕೇಳಲು ಒಪ್ಪಲಿಲ್ಲ.

ಪಿಟ್ಸ್‌ಬರ್ಗ್‌ನಲ್ಲಿ ಕೈಕೊಟ್ಟದ್ದು ಅವರದೇ ಸಹಿ. ಒಡಕಿಗೆ ಮೂರು ವರ್ಷ ಮೊದಲು, 2005ರಲ್ಲಿ, ಬೇರೊಂದು ಮೊಕದ್ದಮೆಯ ರಾಜಿಯಲ್ಲಿ ಡಯಾಸಿಸಿನ ಆಸ್ತಿ ‘ಎಪಿಸ್ಕೋಪಲ್ ಚರ್ಚಿನ ಪಿಟ್ಸ್‌ಬರ್ಗ್ ಡಯಾಸಿಸ್’ ಬಳಿಯೇ ಇರುತ್ತದೆ ಎಂದು ಬರೆದುಕೊಟ್ಟಿದ್ದರು. 2009ರಲ್ಲಿ ನ್ಯಾಯಾಧೀಶರು ಆ ಸಾಲನ್ನು ಓದಿ ಎಪಿಸ್ಕೋಪಲ್ ಕಡೆಗೆ ತೀರ್ಪು ಕೊಟ್ಟರು. ಸ್ಯಾನ್ ವಾಕೀನ್ ಕೂಡ ಕಳೆದುಕೊಂಡಿತು, ಕ್ವಿನ್ಸಿ ಉಳಿಸಿಕೊಂಡಿತು.

ಫೋರ್ಟ್ ವರ್ತ್ ಗೆದ್ದದ್ದು ಹೇಗೆ? ಅಲ್ಲಿನ ಆಸ್ತಿಯೆಲ್ಲ ಡಯಾಸಿಸಿನದೇ ಒಂದು ಕಾರ್ಪೊರೇಷನ್ ಹೆಸರಿನಲ್ಲಿತ್ತು. ಕಾರ್ಪೊರೇಷನ್ನಿನ ಒಪ್ಪಿಗೆಯಿಲ್ಲದೆ ಯಾವ ಟ್ರಸ್ಟೂ ಇಲ್ಲ ಎಂದು ಡಯಾಸಿಸ್ 1989ರಲ್ಲೇ ತನ್ನ ನಿಯಮದಲ್ಲಿ ಬರೆದಿಟ್ಟಿತ್ತು. ಟೆಕ್ಸಾಸ್ ಕಾಯ್ದೆಯಲ್ಲಿ, ರದ್ದು ಮಾಡಲಾಗದು ಎಂದು ಸ್ಪಷ್ಟವಾಗಿ ಹೇಳದ ಟ್ರಸ್ಟನ್ನು ಮಾಡಿದವನೇ ರದ್ದು ಮಾಡಬಹುದು. ಡೆನಿಸ್ ಕ್ಯಾನನ್‌ನಲ್ಲಿ ಆ ಮಾತಿರಲಿಲ್ಲ. 2020ರ ಮೇ 22ರಂದು ಟೆಕ್ಸಾಸ್ ಸುಪ್ರೀಂ ಕೋರ್ಟು ಹೋದವರ ಪರ ತೀರ್ಪಿತ್ತಿತು, 2021ರ ಫೆಬ್ರವರಿಯಲ್ಲಿ ಮೇಲಿನ ಕೋರ್ಟು ಮುಟ್ಟಲಿಲ್ಲ. ಉಳಿದವರು ಕಟ್ಟಡಗಳನ್ನಷ್ಟೇ ಅಲ್ಲ, ಹೆಸರನ್ನೂ ಬಿಟ್ಟುಕೊಟ್ಟು ‘ಎಪಿಸ್ಕೋಪಲ್ ಚರ್ಚ್ ಇನ್ ನಾರ್ತ್ ಟೆಕ್ಸಾಸ್’ ಆದರು, ಮರುವರ್ಷ ಟೆಕ್ಸಾಸ್ ಡಯಾಸಿಸಿನಲ್ಲಿ ವಿಲೀನವಾದರು.

ದಕ್ಷಿಣ ಕ್ಯಾರೊಲಿನಾದ್ದು ಎಲ್ಲಕ್ಕಿಂತ ಗೋಜಲು. ಒಡೆಯನ ಸಹಿ ಇಲ್ಲದ ಟ್ರಸ್ಟ್ ಟ್ರಸ್ಟೇ ಅಲ್ಲ ಎಂದು ಆ ರಾಜ್ಯದ ಸುಪ್ರೀಂ ಕೋರ್ಟು 2009ರಲ್ಲಿ ಚಕ್ ಮರ್ಫಿಯವರ ಪಾಲೀಸ್ ಐಲೆಂಡ್ ಸಭೆಯ ಮೊಕದ್ದಮೆಯಲ್ಲಿ ಹೇಳಿತ್ತು. 2012ರಲ್ಲಿ ಬಿಷಪ್ ಮಾರ್ಕ್ ಲಾರೆನ್ಸ್ ಅವರ ಡಯಾಸಿಸ್ ಆ ಧೈರ್ಯದಲ್ಲೇ ಹೊರಬಂತು. 2017ರಲ್ಲಿ ಅದೇ ಕೋರ್ಟಿನ ಐವರು ನ್ಯಾಯಮೂರ್ತಿಗಳು ಐದು ಬೇರೆ ಬೇರೆ ಅಭಿಪ್ರಾಯ ಬರೆದರು. ಯಾರು ಗೆದ್ದರೆಂದು ಓದಿ ತಿಳಿಯುವುದಕ್ಕೇ ಇನ್ನೊಂದು ಮೊಕದ್ದಮೆ ಬೇಕಾಯಿತು. 2022ರಲ್ಲಿ ಕೊನೆಗೂ ಸಭೆ ಸಭೆಯಾಗಿ ಕಾಗದ ತೆಗೆದು ನೋಡಿದರು. ಹಿಂದೆಂದೋ ತನ್ನ ಬೈಲಾದಲ್ಲಿ ಡೆನಿಸ್ ಕ್ಯಾನನ್ನಿಗೆ ಒಪ್ಪಿಗೆ ಬರೆದುಕೊಂಡ ಸಭೆ ಕಟ್ಟಡ ಕಳೆದುಕೊಂಡಿತು, ಬರೆಯದ್ದು ಉಳಿಸಿಕೊಂಡಿತು.

ಕೋರ್ಟಿಗೆ ಹೋಗದೆ ಬಗೆಹರಿಸಿದವರೂ ಇದ್ದರು. ಟೆಕ್ಸಾಸ್‌ನ ಕ್ರೈಸ್ಟ್ ಚರ್ಚ್ ಪ್ಲೇನೋ 2006ರಲ್ಲಿ ಡ್ಯಾಲಸ್ ಡಯಾಸಿಸಿಗೆ ಹಣ ಕೊಟ್ಟು, ಮಾತುಕತೆಯಲ್ಲೇ ಕಟ್ಟಡ ಉಳಿಸಿಕೊಂಡಿತು. ಇನ್ನೊಂದು ತುದಿಯಲ್ಲಿ ನ್ಯೂಯಾರ್ಕ್ ರಾಜ್ಯದ ಬಿಂಗ್‌ಹ್ಯಾಮ್‌ಟನ್: ಅಲ್ಲಿ ಮೊಕದ್ದಮೆ ಗೆದ್ದ ಎಪಿಸ್ಕೋಪಲ್ ಡಯಾಸಿಸ್ ಆ ಚರ್ಚ್ ಕಟ್ಟಡವನ್ನು 2010ರಲ್ಲಿ ಒಂದು ಇಸ್ಲಾಮಿಕ್ ಕೇಂದ್ರಕ್ಕೆ ಮಾರಿತು. ಬಿಟ್ಟುಹೋದವರು ಮತ್ತೊಂದು ಆಂಗ್ಲಿಕನ್ ಪ್ರಾವಿನ್ಸ್ ಕಟ್ಟುವವರಾದರೆ ಅವರಿಗೆ ಮಾತ್ರ ಮಾರಬಾರದು ಎಂಬ ನಿಲುವಿನ ಫಲವಿದು.

ಗಾಯ ನೋಡಿ ಬರೆದ ಸಂವಿಧಾನ

2008ರ ಡಿಸೆಂಬರ್ 3ರಂದು ಇಲಿನಾಯ್‌ನ ವೀಟನ್‌ನಲ್ಲಿ ಹೊಸ ಚರ್ಚಿನ ಸಂವಿಧಾನದ ಕರಡು ಹೊರಬಂತು, 2009ರ ಜೂನ್‌ನಲ್ಲಿ ಟೆಕ್ಸಾಸ್‌ನ ಬೆಡ್‌ಫರ್ಡ್‌ನಲ್ಲಿ ಸೇರಿದ ಸಭೆ ಅದನ್ನು ಸ್ಥಿರೀಕರಿಸಿತು. ಡಂಕನ್ ಮೊದಲ ಆರ್ಚ್‌ಬಿಷಪ್. ಸುಮಾರು 700 ಸಭೆಗಳು, 28 ಡಯಾಸಿಸ್‌ಗಳು, ಒಂದು ಲಕ್ಷ ಜನ ಎಂಬುದು ಅಂದು ಅವರು ಕೊಟ್ಟ ಲೆಕ್ಕ.

ಈ ಸಂವಿಧಾನವನ್ನು ಓದುವಾಗ ಬರೆದವರು ಯಾವ ಕೋರ್ಟಿನಿಂದ ಎದ್ದುಬಂದರು ಎಂಬುದು ಕಲಮು ಕಲಮಿನಲ್ಲೂ ಕಾಣುತ್ತದೆ. ಸಭೆಯ ಆಸ್ತಿ ಸಂಪೂರ್ಣವಾಗಿ ಸಭೆಯದೇ, ಪ್ರಾವಿನ್ಸಿನ ಪರವಾಗಿ ಅದರ ಮೇಲೆ ಯಾವ ಟ್ರಸ್ಟೂ ಇಲ್ಲ ಎಂದು 12ನೆಯ ಕಲಮು ಹೇಳುತ್ತದೆ. ಡೆನಿಸ್ ಕ್ಯಾನನ್ನನ್ನು ತಲೆಕೆಳಗು ಮಾಡಿ ಬರೆದಂತೆ. ಯಾವ ಡಯಾಸಿಸ್ ಬೇಕಾದರೂ ತನ್ನ ಆಡಳಿತ ಮಂಡಳಿಯ ನಿರ್ಣಯದಿಂದ ಯಾವಾಗ ಬೇಕಾದರೂ ಹೊರಹೋಗಬಹುದು ಎಂಬುದೂ ಈ ಸಂವಿಧಾನದಲ್ಲಿದೆ. ಹೊಸ ಡಯಾಸಿಸ್ ಆಗಬೇಕಾದರೆ ಕನಿಷ್ಠ 12 ಸಭೆಗಳು, ಪ್ರತಿಯೊಂದರಲ್ಲೂ ಭಾನುವಾರದ ಸರಾಸರಿ ಹಾಜರಿ 50, ಒಟ್ಟು 1,000 ಇರಬೇಕು. ಆರ್ಚ್‌ಬಿಷಪ್‌ನನ್ನು ಬಿಷಪ್‌ಗಳೇ ಮುಚ್ಚಿದ ಬಾಗಿಲ ಹಿಂದೆ ಆರಿಸುತ್ತಾರೆ, ಅವಧಿ 5 ವರ್ಷ, ಹೆಚ್ಚೆಂದರೆ ಎರಡು ಸಲ. ಪ್ರಾವಿನ್ಸಿನ ಪ್ರತಿನಿಧಿಗಳ ಮಹಾಸಭೆಗೆ ನಿಯಮಗಳನ್ನು ತಿದ್ದುವ ಅಧಿಕಾರವಿಲ್ಲ: ಆಡಳಿತ ನಡೆಸುವ ಕೌನ್ಸಿಲ್ ಕಳಿಸಿದ್ದನ್ನು ಒಪ್ಪಬೇಕು, ಇಲ್ಲ ವಾಪಸ್ ಕಳಿಸಬೇಕು. ಬಹುಮತದ ಅಲೆಯೊಂದು ಸಿದ್ಧಾಂತವನ್ನು ಕೊಚ್ಚಿಕೊಂಡು ಹೋಗಬಾರದು ಎಂಬ ಭಯ ಇಲ್ಲಿ ಕೆಲಸ ಮಾಡಿದೆ.

ಸಿದ್ಧಾಂತದ ಭಾಗದಲ್ಲಿ 1662ರ ಪ್ರಾರ್ಥನಾ ಪುಸ್ತಕ ಮಾನದಂಡ, 1571ರ 39 ಕಲಮುಗಳು ಆಧಾರ, ಬಿಷಪ್ ಪದವಿ ಅಪೊಸ್ತಲರ ನಂಬಿಕೆ ಮತ್ತು ನಡವಳಿಕೆಯ ಅವಿಭಾಜ್ಯ ಅಂಗ. ನೈಸಿಯಾದಂಥ ಪ್ರಾಚೀನ ಏಳು ಮಹಾಸಭೆಗಳ ಬಗ್ಗೆ ಬರೆದ ಸಾಲು ಮಾತ್ರ ಪಕ್ಕಾ ಪಂಚಾಯಿತಿಯ ಭಾಷೆ: ಮೊದಲ ನಾಲ್ಕರ ಬೋಧನೆ ಒಪ್ಪಿಗೆ, ಉಳಿದ ಮೂರರಲ್ಲಿ ಕ್ರಿಸ್ತನ ಕುರಿತ ಸ್ಪಷ್ಟೀಕರಣಗಳು ಒಪ್ಪಿಗೆ, ಅದೂ ಸತ್ಯವೇದಕ್ಕೆ ಹೊಂದುವಷ್ಟು. ಮೂರ್ತಿಗಳಿಗೆ ಧೂಪ ಹಾಕುವ ಆಂಗ್ಲೋ-ಕ್ಯಾಥೊಲಿಕನೂ ಅದನ್ನು ಕಂಡರಾಗದ ಇವ್ಯಾಂಜೆಲಿಕಲನೂ ಒಂದೇ ಕಾಗದಕ್ಕೆ ಸಹಿ ಹಾಕಲು ಇಂಥ ಸಾಲುಗಳು ಬೇಕಾಗುತ್ತವೆ.

ಕಾಗದ ಮುಚ್ಚಿಹಾಕಲಾಗದ ಬಿರುಕು ಮಹಿಳೆಯರ ದೀಕ್ಷೆಯದು. ಫೋರ್ಟ್ ವರ್ತ್, ಕ್ವಿನ್ಸಿ, ಸ್ಯಾನ್ ವಾಕೀನ್‌ಗಳು ಮಹಿಳೆಯರಿಗೆ ಪಾದ್ರಿ ದೀಕ್ಷೆಯನ್ನು ಎಂದೂ ಒಪ್ಪಿರಲಿಲ್ಲ. ಪಿಟ್ಸ್‌ಬರ್ಗ್ ಬಹುಕಾಲದಿಂದ ಕೊಡುತ್ತಿತ್ತು. ಕಂಡುಕೊಂಡ ಒಪ್ಪಂದ: ಮಹಿಳೆ ಬಿಷಪ್ ಆಗುವಂತಿಲ್ಲ, ಪಾದ್ರಿ, ಡೀಕನ್ ವಿಷಯ ಆಯಾ ಡಯಾಸಿಸಿಗೆ ಬಿಟ್ಟದ್ದು. ಐದು ವರ್ಷ ಅಧ್ಯಯನ ನಡೆಸಿ 2017ರಲ್ಲಿ ಬಿಷಪ್‌ಗಳು ಹೇಳಿದ್ದಿಷ್ಟು: ಇದನ್ನು ಪ್ರಾವಿನ್ಸಿನ ಸಾಮಾನ್ಯ ರೂಢಿಯಾಗಿಸಲು ಸತ್ಯವೇದದ ಆಧಾರ ಸಾಲದು, ಆದರೆ ಸಂವಿಧಾನ ಡಯಾಸಿಸಿಗೆ ಕೊಟ್ಟ ಹಕ್ಕು ಹಾಗೇ ಇದೆ. ಅಂದರೆ ಒಬ್ಬ ಪಾದ್ರಿಣಿ ಪಿಟ್ಸ್‌ಬರ್ಗ್‌ನಲ್ಲಿ ಕರ್ತನ ಭೋಜನ ನಡೆಸಬಹುದು, ಫೋರ್ಟ್ ವರ್ತ್‌ನಲ್ಲಿ ಅದೇ ಚರ್ಚಿನ ಬಲಿಪೀಠದ ಬಳಿ ನಿಲ್ಲುವಂತಿಲ್ಲ. ಡಯಾಸಿಸ್‌ಗಳಿಗೆ ಇಷ್ಟು ಸಡಿಲ ಬಿಡದಿದ್ದರೆ 2009ರ ಮೇಜಿನ ಸುತ್ತ ಯಾರೂ ಕೂರುತ್ತಿರಲಿಲ್ಲ.

ಸಡಿಲದ ಬೆಲೆ ಬೇಗ ತೆರಬೇಕಾಯಿತು. ಸಿಂಗಪುರದಲ್ಲಿ ಹುಟ್ಟಿದ್ದ ಆಂಗ್ಲಿಕನ್ ಮಿಷನ್ 2010ರಲ್ಲೇ ಪೂರ್ಣ ಸದಸ್ಯತ್ವ ಬಿಟ್ಟಿತು, 2011ರ ಕೊನೆಗೆ ತನ್ನನ್ನು ಹೆತ್ತ ರುವಾಂಡದಿಂದಲೂ ಬೇರೆಯಾಯಿತು. ಅದರ ಸಭೆಗಳಲ್ಲಿ ಹಲವು ಮತ್ತೆ ರುವಾಂಡದ ದಾರಿಯಿಂದಲೇ ಎಸಿಎನ್‌ಎಗೆ ಬಂದವು.

ಯಾರ ಪಟ್ಟಿಯಲ್ಲಿ ಹೆಸರಿದೆ

2008ರ ಜೂನ್‌ನಲ್ಲಿ ಜೆರುಸಲೇಮಿನಲ್ಲಿ ಸೇರಿ 14 ಅಂಶಗಳ ಘೋಷಣೆ ಹೊರಡಿಸಿದ ಗ್ಯಾಫ್‌ಕಾನ್ ಎಂಬ ಸಂಪ್ರದಾಯವಾದಿ ಆಂಗ್ಲಿಕನ್ನರ ಒಕ್ಕೂಟವೇ ಎಸಿಎನ್‌ಎಯ ಸೂಲಗಿತ್ತಿ. ಅದರ ಪ್ರೈಮೇಟರು ಇದನ್ನು ನಿಜವಾದ ಪ್ರಾವಿನ್ಸ್ ಎಂದು ಒಪ್ಪಿದರು. ಕ್ಯಾಂಟರ್ಬರಿ ಒಪ್ಪಲಿಲ್ಲ, ಕಮ್ಯೂನಿಯನ್ನಿನ ಅಧಿಕೃತ ಪಟ್ಟಿಯಲ್ಲಿ ಹೆಸರು ಬರಲಿಲ್ಲ. 2014ರಿಂದ ಹತ್ತು ವರ್ಷ ಆರ್ಚ್‌ಬಿಷಪ್ ಆಗಿದ್ದ ಫೋಲಿ ಬೀಚ್ ಗ್ಯಾಫ್‌ಕಾನ್ ಪ್ರೈಮೇಟರ ಮಂಡಳಿಗೂ ಅಧ್ಯಕ್ಷರಾಗಿದ್ದರು. ಅಂದರೆ ಒಂದು ಪಟ್ಟಿಯಲ್ಲಿ ಹೆಸರೇ ಇಲ್ಲದವರು ಇನ್ನೊಂದು ಪಟ್ಟಿಯ ತಲೆಯಲ್ಲಿದ್ದರು. 2024ರಲ್ಲಿ ಸ್ಟೀವ್ ವುಡ್ ಆರ್ಚ್‌ಬಿಷಪ್ ಆದರು.

ಇಂಗ್ಲೆಂಡಿನ ಚರ್ಚೇ 2023ರ ಫೆಬ್ರವರಿಯಲ್ಲಿ ಸಲಿಂಗ ಜೋಡಿಗಳಿಗಾಗಿ ಪ್ರಾರ್ಥನೆಗಳನ್ನು ಒಪ್ಪಿದ ಮೇಲೆ ಚಿತ್ರ ಬದಲಾಯಿತು. ಏಪ್ರಿಲ್‌ನಲ್ಲಿ ಕಿಗಾಲಿಯಲ್ಲಿ ಸೇರಿದ ಗ್ಯಾಫ್‌ಕಾನ್, ಕ್ಯಾಂಟರ್ಬರಿಯ ನಾಯಕತ್ವವನ್ನೇ ಒಪ್ಪುವುದಿಲ್ಲ ಎಂದಿತು. 2025ರ ಅಕ್ಟೋಬರ್‌ನಲ್ಲಿ ಕ್ಯಾಂಟರ್ಬರಿಯ ಆರ್ಚ್‌ಬಿಷಪ್ ಸ್ಥಾನಕ್ಕೆ ಸಾರಾ ಮಲಾಲಿ ಅವರ ಹೆಸರು ಪ್ರಕಟವಾಯಿತು. ಅದೇ ತಿಂಗಳು ಗ್ಯಾಫ್‌ಕಾನ್, ಇನ್ನು ತಾವೇ ಜಾಗತಿಕ ಆಂಗ್ಲಿಕನ್ ಕಮ್ಯೂನಿಯನ್ ಎಂದು ಘೋಷಿಸಿತು. ಫೋರ್ಟ್ ವರ್ತ್‌ನ ‘ಅಸಲಿ ಯಾರು’ ಎಂಬ ಮೊಕದ್ದಮೆ ಈಗ ಜಗತ್ತಿನ ಮಟ್ಟಕ್ಕೆ ಏರಿದೆ. ಅದನ್ನು ತೀರ್ಮಾನಿಸುವ ಕೋರ್ಟು ಮಾತ್ರ ಯಾವ ದೇಶದಲ್ಲೂ ಇಲ್ಲ.

ಅಮೆರಿಕಕ್ಕೆ ಹೋದ ಸಿಎಸ್‌ಐ ಸದಸ್ಯರಿಗೆ ಇದು ಭಾನುವಾರ ಬೆಳಿಗ್ಗೆ ಎದುರಾಗುವ ಪ್ರಶ್ನೆ. ಹಳೆಯ ಕಲ್ಲಿನ ಕಟ್ಟಡ, ಕೆಂಪು ಬಾಗಿಲು, ಹೊರಗೆ ‘ಎಪಿಸ್ಕೋಪಲ್’ ಎಂಬ ಫಲಕ ಇದ್ದರೆ ಸಾಮಾನ್ಯವಾಗಿ ಅದು ಸಿಎಸ್‌ಐ ಜೊತೆ ಒಂದೇ ಕಮ್ಯೂನಿಯನ್ನಿನಲ್ಲಿರುವ ಚರ್ಚು. ‘ಆಂಗ್ಲಿಕನ್’ ಎಂದಷ್ಟೇ ಬರೆದಿದ್ದು, ಆರಾಧನೆ ಶಾಲೆಯ ಸಭಾಂಗಣದಲ್ಲೋ ಬಾಡಿಗೆ ಮಳಿಗೆಯಲ್ಲೋ ನಡೆಯುತ್ತಿದ್ದರೆ ಬಹುಶಃ ಎಸಿಎನ್‌ಎ, ಇಲ್ಲವೇ 1977ರವರ ಯಾವುದೋ ಚೂರು. ಫೋರ್ಟ್ ವರ್ತ್‌ನಲ್ಲಿ ಈ ಲೆಕ್ಕ ನಡೆಯುವುದಿಲ್ಲ. ಪ್ರಾರ್ಥನಾ ಪುಸ್ತಕದ ಮೊದಲ ಪುಟ ತೆರೆದು ನೋಡುವುದು ಹೆಚ್ಚು ನೆಚ್ಚಬಹುದಾದ ದಾರಿ: 1979 ಎಂದಿದ್ದರೆ ಬಹುಮಟ್ಟಿಗೆ ಎಪಿಸ್ಕೋಪಲ್, 2019 ಎಂದಿದ್ದರೆ ಎಸಿಎನ್‌ಎ, 1928 ಎಂದಿದ್ದರೆ ಬಹುಪಾಲು ಸೇಂಟ್ ಲೂಯಿಸ್‌ನವರು.